ಮಂಗಳವಾರದ ಮಳಿಗೆ

ಮಂಗಳವಾರ ಸಂಜೆ ನಾನು ಯಾರ ಮನೆಗೂ ಹೋಗುವುದಿಲ್ಲ. ಆಫೀಸಿನಿಂದ ಬಂದವನೇ ಕೈಕಾಲು ತೊಳೆದು, ಅಮ್ಮ ಕೊಟ್ಟ ಕಾಫಿ ಹಿಡಿದು ಕಂಪ್ಯೂಟರ್ ಮುಂದೆ ಕೂರುತ್ತೇನೆ. ಅದೇ ಹೊತ್ತಿಗೆ ಜರ್ಮನಿಯಲ್ಲಿ, ಬ್ರಿಟನ್ನಿನಲ್ಲಿ, ಪೋಲೆಂಡಿನಲ್ಲಿ ನಾನು ಮುಖ ನೋಡದ ಎಷ್ಟೋ ಜನ ನನ್ನ ಹಾಗೇ ಕೂತಿರುತ್ತಾರೆ. ನಾವೆಲ್ಲ ಕಾಯುವುದು ಒಂದೇ ಸುದ್ದಿಗೆ: ಈ ವಾರ ನಮ್ಮ ಗಿಲ್ಡ್‌ಗೆ ಮಳಿಗೆ ಸಿಕ್ಕಿತೋ ಇಲ್ಲವೋ.

ಗಿಲ್ಡ್ ಅಂದರೆ ಸಂಘ. ಮಳಿಗೆ ಇರುವುದು ಟ್ಯಾಮ್ರಿಯಲ್ ಎಂಬ ನಾಡಿನಲ್ಲಿ. ಆ ನಾಡು ಇರುವುದು ‘ದಿ ಎಲ್ಡರ್ ಸ್ಕ್ರೋಲ್ಸ್ ಆನ್‌ಲೈನ್’ ಎಂಬ ಆಟದೊಳಗೆ. ಅಮೆರಿಕದ ಜೆನಿಮ್ಯಾಕ್ಸ್ ಆನ್‌ಲೈನ್ ಸ್ಟುಡಿಯೋಸ್ ಕಟ್ಟಿದ ಈ ಆಟ 2014ರ ಏಪ್ರಿಲ್ 4ರಂದು ಕಂಪ್ಯೂಟರಿಗೆ ಬಂತು, ಮರುವರ್ಷ ಕನ್ಸೋಲಿಗೂ ಬಂತು. ಆಡುವವರು ಒಂದೊಂದು ಪಾತ್ರ ತೊಟ್ಟು ಗುಹೆ ಹೊಗುತ್ತಾರೆ, ರಾಕ್ಷಸರನ್ನು ಕೊಲ್ಲುತ್ತಾರೆ, ಅದಿರು ಅಗೆಯುತ್ತಾರೆ, ಹೂ ಕೀಳುತ್ತಾರೆ, ಮೀನು ಹಿಡಿಯುತ್ತಾರೆ. ಹಾಗೆ ಸಿಕ್ಕಿದ್ದರಲ್ಲಿ ತಮಗೆ ಬೇಡದ್ದನ್ನು ಬೇಕಾದವರಿಗೆ ಮಾರುತ್ತಾರೆ. ಇವತ್ತು ನಾನು ಮಾತಾಡಲು ಬಂದಿರುವುದು ಈ ಮಾರಾಟದ ಬಗ್ಗೆ. ಆಟ ಗೊತ್ತಿಲ್ಲದವರೂ ದಯವಿಟ್ಟು ಕೇಳಿ. ಅಂಗಡಿ, ಬಾಡಿಗೆ, ಕಮಿಷನ್, ನಂಬಿಕೆ, ಇವು ನಿಮಗೆ ಗೊತ್ತಿದ್ದರೆ ಸಾಕು.

ಮೊದಲು ಒಂದು ಹಳೆಯ ಕಥೆ. 1999ರಲ್ಲಿ ‘ಎವರ್‌ಕ್ವೆಸ್ಟ್’ ಎಂಬ ಆಟ ಬಂದಾಗ ಅದರಲ್ಲಿ ಮಾರುಕಟ್ಟೆ ಅಂತ ಒಂದು ಜಾಗವನ್ನೇ ಯಾರೂ ಮಾಡಿರಲಿಲ್ಲ. ಆದರೆ ಜನರಿಗೆ ಮಾರಬೇಕಿತ್ತು, ಕೊಳ್ಳಬೇಕಿತ್ತು. ಈಸ್ಟ್ ಕಾಮನ್‌ಲ್ಯಾಂಡ್ಸ್ ಎಂಬ ಬಯಲಿನಲ್ಲಿ ಒಂದು ಸುರಂಗವಿತ್ತು. ಯಾರೂ ಹೇಳಿಕೊಡದೆ, ಯಾರೂ ಬೋರ್ಡು ಹಾಕದೆ, ಆಟಗಾರರು ಆ ಸುರಂಗದಲ್ಲಿ ಸೇರತೊಡಗಿದರು. ಕತ್ತಿ ಇದೆ, ಕವಚ ಇದೆ, ಇಂಥದ್ದು ಬೇಕಿದೆ ಎಂದು ಸಾಲು ಸಾಲಾಗಿ ಕೂಗಿ ಬರೆಯುತ್ತಿದ್ದರು. ನಾಲ್ಕು ದಾರಿ ಕೂಡುವಲ್ಲಿ ಸಂತೆ ತಾನಾಗಿ ನೆರೆಯುತ್ತದಲ್ಲ, ಹಾಗೆ. 2001ರ ಕೊನೆಯಲ್ಲಿ ಆಟ ಮಾಡಿದವರೇ ‘ಬಜಾರ್’ ಎಂಬ ಪ್ರತ್ಯೇಕ ಜಾಗ ಕಟ್ಟಿಕೊಟ್ಟರು, ಸುರಂಗ ಖಾಲಿಯಾಯಿತು. ನಾನು ಆ ಸುರಂಗದಲ್ಲಿ ನಿಂತವನಲ್ಲ. ನಿಂತವರು ಹೇಳುವುದನ್ನು ಕೇಳಿದ್ದೇನೆ. ವ್ಯಾಪಾರಕ್ಕಿಂತ ಹೆಚ್ಚಾಗಿ ಅಲ್ಲಿಯ ಗದ್ದಲ ಅವರಿಗೆ ನೆನಪಿದೆ.

ಆಮೇಲೆ ಬಂದ ಬಹಳಷ್ಟು ಆಟಗಳು ಹರಾಜುಕಟ್ಟೆಯ ದಾರಿ ಹಿಡಿದವು. ಇಡೀ ಲೋಕದ ಸರಕೆಲ್ಲ ಒಂದೇ ಪಟ್ಟಿಯಲ್ಲಿ ಬರುತ್ತದೆ. ಹೆಸರು ಬರೆದರೆ ಅತಿ ಕಡಿಮೆ ಬೆಲೆಯದು ಮೇಲೆ ನಿಲ್ಲುತ್ತದೆ, ಒತ್ತಿದರೆ ನಿಮ್ಮದು. ಅನುಕೂಲವೇನೋ ಹೌದು. ಆ ಅನುಕೂಲ ಎಲ್ಲಿಗೆ ಮುಟ್ಟಬಹುದು ಎಂಬುದು ‘ಡಯಾಬ್ಲೊ 3’ ಆಟದಲ್ಲಿ ಕಾಣಿಸಿತು. 2012ರಲ್ಲಿ ಬಂದ ಆ ಆಟದಲ್ಲಿ ಆಟದ ಚಿನ್ನಕ್ಕೆ ಒಂದು ಹರಾಜುಕಟ್ಟೆ, ನಿಜವಾದ ಹಣಕ್ಕೆ ಇನ್ನೊಂದು. ರಾಕ್ಷಸರನ್ನು ಕೊಂದು ಆಯುಧ ಗಳಿಸುವುದೇ ಆಟದ ಜೀವ. ಆದರೆ ಕೊಲ್ಲುವುದಕ್ಕಿಂತ ಕೊಳ್ಳುವುದು ಸುಲಭವಾದ ಮೇಲೆ ಗುಹೆಗೆ ಹೋಗುವುದು ಯಾತಕ್ಕೆ? ಕಡೆಗೆ 2014ರ ಮಾರ್ಚ್ 18ರಂದು ಎರಡೂ ಕಟ್ಟೆಗಳನ್ನು ಮುಚ್ಚಿದರು. ಅದಾಗಿ 17 ದಿನಕ್ಕೆ ನಮ್ಮ ಟ್ಯಾಮ್ರಿಯಲ್ ಬಾಗಿಲು ತೆರೆಯಿತು, ಹರಾಜುಕಟ್ಟೆಯೇ ಇಲ್ಲದೆ.

ಬೇಕೆಂದೇ ಇಡಲಿಲ್ಲ. ಈ ಆಟವನ್ನು ಕಂಪ್ಯೂಟರಿನಲ್ಲಿ ಆಡುವವರಿಗೆ ಯುರೋಪಿಗೆ ಒಂದು, ಉತ್ತರ ಅಮೆರಿಕಕ್ಕೆ ಒಂದು ದೊಡ್ಡ ಸರ್ವರ್. ಆ ಭಾಗದ ಜನರೆಲ್ಲ ಒಂದೇ ಲೋಕದಲ್ಲಿ. ಅಷ್ಟು ಜನರ ಸರಕು ಒಂದೇ ಪಟ್ಟಿಗೆ ಬಿದ್ದರೆ ಯಾವುದಕ್ಕೂ ಬೆಲೆ ಉಳಿಯುವುದಿಲ್ಲ, ಅಪರೂಪ ಎಂಬುದೇ ಇರುವುದಿಲ್ಲ ಎಂಬುದು ಆಟ ಮಾಡಿದವರ ವಾದವಾಗಿತ್ತು. ಹಾಗಾಗಿ ವ್ಯಾಪಾರದ ಹೊಣೆಯನ್ನು ಆಟಗಾರರ ಸಂಘಗಳಿಗೇ ಬಿಟ್ಟರು.

ಒಂದು ಗಿಲ್ಡ್‌ನಲ್ಲಿ 500 ಜನ ಇರಬಹುದು. ಒಬ್ಬರು ಐದು ಗಿಲ್ಡ್‌ಗಳಿಗೆ ಸೇರಬಹುದು. 50 ಜನ ಸೇರಿದ ಮೇಲೆ ಗಿಲ್ಡ್ ಅಂಗಡಿ ತೆರೆಯುತ್ತದೆ. ಪ್ರತಿ ಸದಸ್ಯರಿಗೂ ಆ ಅಂಗಡಿಯಲ್ಲಿ 30 ವಸ್ತು ಇಡುವಷ್ಟು ಜಾಗ. ತುಂಬಿದ ಗಿಲ್ಡ್ ಅಂದರೆ 15,000 ವಸ್ತುಗಳ ಅಂಗಡಿ. ಆದರೆ ಆ ಅಂಗಡಿ ಗಿಲ್ಡ್‌ನವರಿಗೆ ಮಾತ್ರ ಕಾಣುತ್ತದೆ. ಮನೆಯವರೇ ಮನೆಯವರಿಗೆ ಎಷ್ಟು ಅಂತ ಮಾರುತ್ತಾರೆ? ದಾರಿಹೋಕರಿಗೆ ಕಾಣಬೇಕಾದರೆ ಊರಿನಲ್ಲಿ ಮಳಿಗೆ ಬೇಕು. ಟ್ಯಾಮ್ರಿಯಲ್ಲಿನ ಪಟ್ಟಣಗಳಲ್ಲಿ, ರಸ್ತೆ ಬದಿಯಲ್ಲಿ, ಕಳ್ಳರ ನೆಲಮಾಳಿಗೆಗಳಲ್ಲಿ ಕೂಡ ಇಂಥ ಮಳಿಗೆಗಳು ಇನ್ನೂರಕ್ಕೂ ಹೆಚ್ಚು ಇವೆ. ಒಂದೊಂದರಲ್ಲೂ ಒಬ್ಬ ವ್ಯಾಪಾರಿ ನಿಂತಿರುತ್ತಾನೆ. ಅವನು ಯಾವ ಗಿಲ್ಡ್‌ನ ಸರಕು ಮಾರುತ್ತಾನೆ ಎಂಬುದನ್ನು ವಾರಕ್ಕೊಮ್ಮೆ ಹರಾಜು ತೀರ್ಮಾನಿಸುತ್ತದೆ. ಹರಾಜು ಮುಗಿಯುವುದು ಮಂಗಳವಾರ.

ಇದು ಕೂಗಿ ಏರಿಸುವ ಹರಾಜಲ್ಲ, ಮುಚ್ಚಿದ ಲಕೋಟೆಯ ಟೆಂಡರಿನಂಥದ್ದು. ಎದುರಿನವರು ಎಷ್ಟು ಬರೆದಿದ್ದಾರೆ ಎಂಬುದು ಮೊದಲೂ ತಿಳಿಯದು, ಗೆದ್ದ ಮೇಲೂ ತಿಳಿಯದು. ಗೆದ್ದರೆ ನೀವು ಬರೆದಷ್ಟನ್ನೂ ಕೊಡಬೇಕು. ಆಟದ ಚಿನ್ನದಲ್ಲಿ ನೀವು ಒಂದು ಕೋಟಿ ಬರೆದಿದ್ದು ಪಕ್ಕದವರು ನಲವತ್ತು ಲಕ್ಷ ಬರೆದಿದ್ದರೆ, ಅರವತ್ತು ಲಕ್ಷ ಸುಮ್ಮನೆ ಹೋಯಿತು. ಹೋಯಿತೆಂದು ನಿಮಗೆ ಗೊತ್ತಾಗುವುದೂ ಇಲ್ಲ. ಕಡಿಮೆ ಬರೆದರೆ ಒಂದು ವಾರ ಅಂಗಡಿ ಬಂದ್. ಸೋತವರ ಹಣ ಗಿಲ್ಡ್‌ನ ಖಜಾನೆಗೆ ವಾಪಸ್ ಬರುತ್ತದೆ. ಸದಸ್ಯರು ಮಾರಲು ಇಟ್ಟ ಸರಕು ಇಟ್ಟಲ್ಲೇ ಇರುತ್ತದೆ, ಹೊರಗಿನವರಿಗೆ ಮಾತ್ರ ಕಾಣುವುದಿಲ್ಲ.

ಇಷ್ಟನ್ನು ಒಂದು ಸಂಜೆ ಅಮ್ಮನಿಗೆ ವಿವರಿಸಿದೆ. ನಮ್ಮಮ್ಮ ಬೀದಿಯ ಹೆಂಗಸರನ್ನು ಕೂಡಿಸಿಕೊಂಡು ವರ್ಷಗಟ್ಟಲೆ ಚೀಟಿ ನಡೆಸಿದವರು. ಇಪ್ಪತ್ತು ಜನ, ತಿಂಗಳಿಗೊಂದು ಕೂಗು, ಯಾರಿಗೆ ತುರ್ತೋ ಅವರು ಹೆಚ್ಚು ಬಿಟ್ಟುಕೊಟ್ಟು ಚೀಟಿ ಎತ್ತುವುದು. ಲೆಕ್ಕದ ಪುಸ್ತಕ ಇವತ್ತಿಗೂ ಬೀರುವಿನಲ್ಲಿದೆ. ಆಟ ಎಂದಾಗ ಅವರು ಕಿವಿಗೊಡಲಿಲ್ಲ. ಹರಾಜು ಎಂದಾಗ ತಿರುಗಿ ಕೂತರು. ಎಲ್ಲ ಕೇಳಿ ಒಂದೇ ಪ್ರಶ್ನೆ ಕೇಳಿದರು.

“ಅದಿರಲಿ, ದುಡ್ಡು ಯಾರ ಕೈಲಿರತ್ತೋ?”

ಈ ವ್ಯಾಪಾರದ ಬಗ್ಗೆ ನಾನು ಓದಿದ, ಕೇಳಿದ ವಿವರಣೆಗಳಲ್ಲಿ ಇಷ್ಟು ನೇರವಾದ ಪ್ರಶ್ನೆಯನ್ನು ಬೇರೆ ಯಾರೂ ಕೇಳಿರಲಿಲ್ಲ.

ದುಡ್ಡು ಎಲ್ಲಿಂದ ಬರುತ್ತದೆ ಎಂಬುದನ್ನು ಮೊದಲು ಹೇಳುತ್ತೇನೆ. ನೀವು ಒಂದು ವಸ್ತುವಿಗೆ 10,000 ಚಿನ್ನ ಎಂದು ಬೆಲೆ ಬರೆದು ಅಂಗಡಿಯಲ್ಲಿಟ್ಟಿರಿ ಅನ್ನಿ. ಇಡುವಾಗಲೇ ನೂರಕ್ಕೆ ಒಂದರಂತೆ 100 ಚಿನ್ನ ಕಟ್ಟಬೇಕು. ಮಾರಾಟವಾಗಲಿ ಬಿಡಲಿ, ಅದು ವಾಪಸ್ ಇಲ್ಲ. ಮಾರಿದಾಗ ನೂರಕ್ಕೆ ಏಳು, ಅಂದರೆ 700 ಚಿನ್ನ ಕಡಿತ. ನಿಮ್ಮ ಕೈಗೆ ಉಳಿಯುವುದು 9,200. ಕಡಿತವಾದ 700ರಲ್ಲಿ ಅರ್ಧ, 350, ಗಿಲ್ಡ್‌ನ ಖಜಾನೆಗೆ ಹೋಗುತ್ತದೆ. ಉಳಿದ 350 ಯಾರಿಗೂ ಹೋಗುವುದಿಲ್ಲ, ಲೋಕದಿಂದಲೇ ಮಾಯವಾಗುತ್ತದೆ. ಮಳಿಗೆ ಗೆದ್ದ ಗಿಲ್ಡ್ ಕೊಟ್ಟ ಬಿಡ್‌ನ ಹಣವೂ ಹಾಗೇ ಪೂರ್ತಿ ಮಾಯ.

ಮಾಯವಾಗುವುದು ಯಾಕೆ ಬೇಕು? ಈ ಲೋಕದಲ್ಲಿ ಕೊಂದ ಪ್ರತಿ ಪ್ರಾಣಿಯ ಮೈಯಿಂದ, ಮುಗಿಸಿದ ಪ್ರತಿ ಕೆಲಸದಿಂದ ಹೊಸ ಚಿನ್ನ ಹುಟ್ಟುತ್ತಲೇ ಇರುತ್ತದೆ. ಟಂಕಸಾಲೆಗೆ ರಜೆಯೇ ಇಲ್ಲ. ಹುಟ್ಟಿದ ಚಿನ್ನ ಎಲ್ಲೋ ಸಾಯದಿದ್ದರೆ ಅದರ ಬೆಲೆ ಕುಸಿದು, ಹೊಸಬನೊಬ್ಬ ದಿನವಿಡೀ ದುಡಿದರೂ ಒಂದು ಕತ್ತಿ ಕೊಳ್ಳಲಾರ. ಮಂಗಳವಾರದ ಹರಾಜು ಆ ಚಿನ್ನ ಸಾಯುವ ದೊಡ್ಡ ಜಾಗ.

ಈಗ ಗಿಲ್ಡ್‌ನ ಕಷ್ಟಕ್ಕೆ ಬರೋಣ. ಒಳ್ಳೆಯ ಜಾಗದ ಮಳಿಗೆಗೆ ವಾರಕ್ಕೆ ಒಂದು ಕೋಟಿ ಚಿನ್ನ ಬೇಕಾಯಿತು ಎಂದಿಟ್ಟುಕೊಳ್ಳಿ. ಗಿಲ್ಡ್‌ಗೆ ಬರುವುದು ಮಾರಾಟದ ನೂರಕ್ಕೆ ಮೂರೂವರೆ. ಅದೊಂದರಿಂದಲೇ ಕೋಟಿ ಕೂಡಬೇಕಾದರೆ ಸದಸ್ಯರೆಲ್ಲ ಸೇರಿ ವಾರದಲ್ಲಿ 28 ಕೋಟಿಗೂ ಮೇಲೆ ಮಾರಬೇಕು; 500 ಜನರ ಗಿಲ್ಡ್ ಆದರೆ ತಲೆಗೆ 5.7 ಲಕ್ಷ. ಹಾಗಾಗಿ ಕೊರತೆ ತುಂಬಲು ಗಿಲ್ಡ್‌ಗಳು ನಾನಾ ದಾರಿ ಹುಡುಕಿಕೊಂಡಿವೆ. ಕೆಲವು ವಾರದ ವಂತಿಗೆ ಕೇಳುತ್ತವೆ. ಕೆಲವು ವಾರಕ್ಕೆ ಕನಿಷ್ಠ ಇಷ್ಟು ಮಾರಲೇಬೇಕು ಎನ್ನುತ್ತವೆ. ಸದಸ್ಯರು ದಾನವಾಗಿ ಕೊಟ್ಟ ವಸ್ತುಗಳನ್ನು ಒಳಗೊಳಗೇ ಹರಾಜು ಹಾಕುವುದುಂಟು. ಲಾಟರಿ ಬಹಳ ಚಾಲ್ತಿಯಲ್ಲಿದೆ: ಖಜಾನೆಗೆ ಚಿನ್ನ ಹಾಕಿದವರಿಗೆ ಅಷ್ಟು ಚೀಟಿ, ಕೂಡಿದ್ದರಲ್ಲಿ ಒಂದು ಪಾಲು ಗೆದ್ದವರಿಗೆ, ಉಳಿದದ್ದು ಮಳಿಗೆಗೆ.

ಈ ಲೆಕ್ಕ ಬರೆಯುವವರು ಯಾರು? ನನ್ನಂಥವರು. ಹಗಲು ಒಂದು ಆಫೀಸಿನಲ್ಲಿ ಲೆಕ್ಕ ಬರೆದು, ರಾತ್ರಿ ಸಂಬಳವಿಲ್ಲದೆ ಗಿಲ್ಡ್‌ನ ಲೆಕ್ಕ ಬರೆಯುತ್ತೇವೆ. ಯಾರು ಎಷ್ಟು ಮಾರಿದರು, ಯಾರು ತಿಂಗಳಿಂದ ಕಾಣಿಸಿಲ್ಲ, ಯಾರ ಜಾಗ ತೆರವು ಮಾಡಿ ಹೊಸಬರನ್ನು ಸೇರಿಸಿಕೊಳ್ಳಬೇಕು. ಬಾರದವರನ್ನು ತೆಗೆಯುವುದು ಕಠಿಣ ಕೆಲಸ. ಒಮ್ಮೆ ಒಬ್ಬರನ್ನು ತೆಗೆದ ಮರುವಾರ ಅವರ ಪತ್ರ ಬಂತು. ಅಷ್ಟು ದಿನ ಆಸ್ಪತ್ರೆಯಲ್ಲಿದ್ದರಂತೆ. ಕೈಮುಗಿದು ವಾಪಸ್ ಕರೆದೆವು. ಅಂದಿನಿಂದ ನಾನು ಹೆಸರು ಅಳಿಸುವ ಮೊದಲು ಒಂದು ಸಾಲು ಬರೆದು ಕೇಳುತ್ತೇನೆ, ಉತ್ತರಕ್ಕೆ ಒಂದು ವಾರ ಕಾಯುತ್ತೇನೆ.

ಅಮ್ಮನ ಪ್ರಶ್ನೆಗೆ ಉತ್ತರ ಇದು: ದುಡ್ಡು ಗಿಲ್ಡ್‌ನ ಖಜಾನೆಯಲ್ಲಿರುತ್ತದೆ, ಖಜಾನೆಯಿಂದ ತೆಗೆಯುವ ಹಕ್ಕು ಯಾರಿಗೆ ಎಂದು ಗಿಲ್ಡ್‌ನ ಮುಖ್ಯಸ್ಥರು ತೀರ್ಮಾನಿಸುತ್ತಾರೆ. ಅಷ್ಟೇ. ಅದಕ್ಕೆ ಕಾನೂನಿಲ್ಲ, ಜಾಮೀನಿಲ್ಲ, ಕೋರ್ಟಿಲ್ಲ. ನಾನು ಮೊದಲು ಸೇರಿದ್ದ ಒಂದು ಗಿಲ್ಡ್‌ನಲ್ಲಿ, ಎಲ್ಲರಿಗೂ ಬೇಕಾದವರಾಗಿದ್ದ ಒಬ್ಬರು ಒಂದು ರಾತ್ರಿ ಖಜಾನೆ ಬಳಿದು ಹೊರಟುಹೋದರು. ಬೆಳಿಗ್ಗೆ ನೋಡಿದರೆ ಚಿನ್ನವೂ ಇಲ್ಲ, ದಾನವಾಗಿ ಬಂದಿದ್ದ ವಸ್ತುಗಳೂ ಇಲ್ಲ. ಕಳೆದದ್ದು ಆಟದ ಹಣವಷ್ಟೇ ಎಂದು ಹಲವರು ಸಮಾಧಾನ ಹೇಳಿದರು. ನನಗೆ ಆ ಸಮಾಧಾನ ಆಗಲಿಲ್ಲ. ಅದು ನೂರಾರು ಜನರ ಸಂಜೆಗಳು. ಯಾರೋ ಕೂತು ಹಿಡಿದ ಮೀನು, ಯಾರೋ ಕೆಲಸ ಮುಗಿಸಿ ಬಂದು ಅಗೆದ ಅದಿರು.

ಮೀನಿನ ಮಾತು ಬಂತು, ಅದನ್ನೂ ಹೇಳಿಬಿಡುತ್ತೇನೆ. ಈ ಆಟದಲ್ಲಿ ಹಿಡಿದ ಮೀನನ್ನು ಸೀಳಿದರೆ ಅಪರೂಪಕ್ಕೆ, ಹೆಚ್ಚುಕಡಿಮೆ ನೂರರಲ್ಲಿ ಒಂದಕ್ಕೆ, ‘ಪರ್ಫೆಕ್ಟ್ ರೋ’ ಎಂಬ ಮೊಟ್ಟೆಗೊಂಚಲು ಸಿಗುತ್ತದೆ. ಅದರಿಂದ ಒಂದು ಪಾನೀಯ ಮಾಡುತ್ತಾರೆ. ಕುಡಿದವರಿಗೆ ಸ್ವಲ್ಪ ಹೊತ್ತು ಅನುಭವದ ಅಂಕಗಳು ಒಂದೂವರೆ ಪಟ್ಟು ಬರುತ್ತವೆ. ಅವಸರದಲ್ಲಿರುವವರು ಎಷ್ಟಾದರೂ ಕೊಟ್ಟು ಕೊಳ್ಳುತ್ತಾರೆ. ನಮ್ಮ ಗಿಲ್ಡ್‌ನಲ್ಲಿ ಮೀನು ಹಿಡಿಯುವುದನ್ನು ಬಿಟ್ಟು ಬೇರೇನೂ ಮಾಡದ ಒಬ್ಬರಿದ್ದಾರೆ. ಯುದ್ಧಕ್ಕೆ ಬರುವುದಿಲ್ಲ, ಗುಹೆಗೆ ಬರುವುದಿಲ್ಲ. ಕೆರೆಯಿಂದ ಕೆರೆಗೆ ಹೋಗುತ್ತಾರೆ. ಅವರ ಗಾಳ ಮತ್ತು ಗುಹೆಗೆ ಹೋಗುವವರ ಕತ್ತಿ ಎಂದೂ ಎದುರಾಗುವುದಿಲ್ಲ. ಆದರೂ ಒಬ್ಬರಿಲ್ಲದೆ ಇನ್ನೊಬ್ಬರಿಗೆ ನಡೆಯದು. ಕವಚವನ್ನು ಮೇಲ್ದರ್ಜೆಗೆ ಏರಿಸಲು ಬೇಕಾದ ‘ಡ್ರೂ ವ್ಯಾಕ್ಸ್’ ಎಂಬ ಮೇಣ, ‘ಟೆಂಪರಿಂಗ್ ಅಲಾಯ್’ ಎಂಬ ಲೋಹ, ಔಷಧಿಗೆ ಬೇಕಾದ ‘ಕೊಲಂಬೈನ್’ ಹೂವು, ಇವೆಲ್ಲ ಹೀಗೆ ಕೈಯಿಂದ ಕೈಗೆ ಸಾಗುತ್ತವೆ. ಆಟದ ನಿಯಮ ಸ್ವಲ್ಪ ಬದಲಾಗಿ ಹೊಸ ಬಗೆಯ ಕವಚ ಒಳ್ಳೆಯದೆಂದು ಸುದ್ದಿಯಾದರೆ ಸಾಕು, ಅವತ್ತು ರಾತ್ರಿಯೇ ಮೇಣದ ಬೆಲೆ ಏರುತ್ತದೆ.

ಬೆಲೆ ಊರಿಂದ ಊರಿಗೆ ಬೇರೆ. ಮೋರ್ನ್‌ಹೋಲ್ಡ್, ರಾಲ್ಖಾ, ಬೆಲ್ಕಾರ್ತ್‌ನಂಥ ಊರುಗಳಲ್ಲಿ ಮಳಿಗೆಗಳು ಒತ್ತಾಗಿವೆ. ಪಯಣಿಗರು ಬಂದಿಳಿಯುವ ಗುಡಿಗಳು, ಬ್ಯಾಂಕು, ಕುಲುಮೆ ಎಲ್ಲ ಹತ್ತಿರ ಇರುವ ಕಡೆ ಜನ ಬಂದು ಸೇರುತ್ತಾರೆ. ಅಲ್ಲಿ ಬೆಲೆ ಹೆಚ್ಚು, ಮಾರಾಟ ಬೇಗ. ದೂರದ ಕಾಡಂಚಿನ ಮಳಿಗೆಯಲ್ಲಿ ಅದೇ ಹೂವು ಕಡಿಮೆಗೆ ಸಿಗುತ್ತದೆ, ಆದರೆ ಯಾರು ಹೋಗುತ್ತಾರೆ? ಕೆಲವರು ಹೋಗುತ್ತಾರೆ. ಅಲ್ಲಿ ಕೊಂಡು ಇಲ್ಲಿ ಮಾರುವುದನ್ನೇ ಕಸುಬು ಮಾಡಿಕೊಂಡವರಿದ್ದಾರೆ. ಅವರನ್ನು ಬೈಯುವವರು ಬಹಳ. ನಾನು ಬೈಯುವುದಿಲ್ಲ. ಕಾಡಂಚಿನ ಗಿಲ್ಡ್‌ಗೆ ಆ ವಾರ ಬಂದ ಗಿರಾಕಿ ಅವರೊಬ್ಬರೇ ಇರಬಹುದು.

ಮೊದಲ ವರ್ಷಗಳಲ್ಲಿ ಮಳಿಗೆಯಲ್ಲಿ ವಸ್ತುವಿನ ಹೆಸರು ಬರೆದು ಹುಡುಕುವ ಸೌಕರ್ಯವೂ ಇರಲಿಲ್ಲ. ಪುಟ ಪುಟ ತಿರುಗಿಸಬೇಕಿತ್ತು. ಆಟಗಾರರೇ ಅದಕ್ಕೆ ಉಪಾಯ ಮಾಡಿಕೊಂಡರು. ತಾವು ನೋಡಿದ ಬೆಲೆಗಳನ್ನೆಲ್ಲ ಒಂದು ಕಡೆ ಸೇರಿಸುವ ‘ಟ್ಯಾಮ್ರಿಯಲ್ ಟ್ರೇಡ್ ಸೆಂಟರ್’, ಗಿಲ್ಡ್‌ನ ಮಾರಾಟದ ಇತಿಹಾಸ ಕೂಡಿಟ್ಟು ಸರಾಸರಿ ಬೆಲೆ ತೋರಿಸುವ ‘ಮಾಸ್ಟರ್ ಮರ್ಚೆಂಟ್’, ಇವೆರಡೂ ಕಂಪ್ಯೂಟರಿನಲ್ಲಿ ಆಡುವವರ ಕೈಗೆ ಬಂದವು. ಹೊಸಬರು ಮೋಸಹೋಗುವುದು ಕಡಿಮೆಯಾಯಿತು, ಅದು ದೊಡ್ಡ ಲಾಭ. ಆದರೆ ನಾಲ್ಕು ಊರು ಸುತ್ತಿ, ದೂರದ ಮಳಿಗೆಯೊಂದರಲ್ಲಿ ಯಾರೂ ಗಮನಿಸದ ವಸ್ತುವನ್ನು ಕಂಡುಹಿಡಿಯುವ ಸಂತೋಷಕ್ಕೆ ಅಷ್ಟು ನಷ್ಟ. ನಾನು ಇವತ್ತಿಗೂ ಭಾನುವಾರ ಬೆಳಿಗ್ಗೆ ಪಟ್ಟಿ ನೋಡದೆ ಹೊರಡುತ್ತೇನೆ.

ಈ ವ್ಯವಸ್ಥೆಯಲ್ಲಿ ಅನ್ಯಾಯ ಇಲ್ಲವೇ? ಇದೆ. ಒಳ್ಳೆಯ ಜಾಗ ಇದ್ದವರಿಗೆ ಹೆಚ್ಚು ಮಾರಾಟ, ಹೆಚ್ಚು ಮಾರಾಟದಿಂದ ಹೆಚ್ಚು ಖಜಾನೆ, ಹೆಚ್ಚು ಖಜಾನೆಯಿಂದ ಮತ್ತೆ ಅದೇ ಜಾಗ. ಸಣ್ಣ ಗಿಲ್ಡ್‌ಗಳು ಆ ಸುತ್ತಿನೊಳಗೆ ಹೊಗುವುದು ಕಷ್ಟ. ಗಿಲ್ಡ್‌ಗೆ ಸೇರಲು ಮನಸ್ಸಿಲ್ಲದವರು, ಹೊಸಬರೊಡನೆ ಮಾತಾಡಲು ಅಂಜುವವರು ತಮ್ಮ ಸರಕನ್ನು ಮಾರುವುದೇ ಕಷ್ಟ. ನನ್ನ ತಂಗಿ ಒಂದು ವರ್ಷ ಆಡಿದಳು, ಯಾವ ಗಿಲ್ಡ್‌ಗೂ ಸೇರಲಿಲ್ಲ, ಕಿತ್ತ ಹೂವನ್ನೆಲ್ಲ ಪೆಟ್ಟಿಗೆಯಲ್ಲಿಟ್ಟುಕೊಂಡೇ ಇದ್ದಳು. ಇದಕ್ಕೆ ನನ್ನಲ್ಲಿ ಉತ್ತರವಿಲ್ಲ.

ಹಿಂದೆ ಇನ್ನೂ ಕಠಿಣವಿತ್ತು. ಒಂದು ಗಿಲ್ಡ್ ವಾರಕ್ಕೆ ಒಂದೇ ಮಳಿಗೆಗೆ ಬಿಡ್ ಹಾಕಬಹುದಿತ್ತು. ಸೋತರೆ ಆ ಕ್ಷಣವೇ ಓಡಬೇಕು, ಯಾರೂ ಕೇಳದೆ ಉಳಿದ ಮಳಿಗೆ ಎಲ್ಲಾದರೂ ಇದೆಯೇ ಎಂದು. ಮೊದಲು ಮುಟ್ಟಿದವರಿಗೆ ಅದು. ಆ ಭಯಕ್ಕೆ ದೊಡ್ಡ ಗಿಲ್ಡ್‌ಗಳು ಒಂದು ಉಪಾಯ ಹೂಡಿದವು, ‘ಘೋಸ್ಟ್ ಗಿಲ್ಡ್’ ಅಂತ ಅದರ ಹೆಸರು. ವ್ಯಾಪಾರ ಮಾಡದ, ಹೆಸರಿಗಷ್ಟೇ ಐವತ್ತು ಜನ ಸೇರಿದ ಒಂದು ದೆವ್ವದ ಸಂಘ. ಅದು ಎಲ್ಲೋ ಒಂದು ಸಾಧಾರಣ ಮಳಿಗೆ ಗೆದ್ದಿಟ್ಟುಕೊಳ್ಳುತ್ತದೆ. ಮುಖ್ಯ ಗಿಲ್ಡ್ ಸೋತರೆ ದೆವ್ವದ ಸಂಘವನ್ನು ವಿಸರ್ಜಿಸುತ್ತಾರೆ, ಮಳಿಗೆ ಖಾಲಿಯಾಗುತ್ತದೆ, ಪಕ್ಕದಲ್ಲೇ ಕಾದು ನಿಂತವರು ಹಿಡಿದುಕೊಳ್ಳುತ್ತಾರೆ. ನಿಜವಾಗಿ ಆ ಸಣ್ಣ ಮಳಿಗೆ ಬೇಕಿದ್ದ ಸಣ್ಣ ಗಿಲ್ಡ್ ಬರಿಗೈಯಲ್ಲಿ ಹೋಗುತ್ತಿತ್ತು. ಆ ಕಾಲದಲ್ಲಿ ನಾವೂ ಹಾಗೆ ಸೋತು ನಿಂತವರು. 2019ರಲ್ಲಿ ನಿಯಮ ಬದಲಾಯಿತು. ಈಗ ಒಂದು ಗಿಲ್ಡ್ ಹತ್ತು ಮಳಿಗೆಗಳವರೆಗೆ, ಯಾವುದು ಮೊದಲು ಬೇಕು, ಯಾವುದು ಆಮೇಲೆ ಎಂಬ ಕ್ರಮದಲ್ಲಿ ಬಿಡ್ ಹಾಕಬಹುದು. ಮೇಲಿನದು ಸಿಗದಿದ್ದರೆ ಕೆಳಗಿನದು. ದೆವ್ವಗಳ ಅಗತ್ಯ ಬಹುಮಟ್ಟಿಗೆ ತಪ್ಪಿತು.

ಇಷ್ಟೆಲ್ಲ ಇದ್ದೂ ಒಂದೇ ಪಟ್ಟಿಯ ಹರಾಜುಕಟ್ಟೆ ಬೇಕೇ ಎಂದು ಯಾರಾದರೂ ಕೇಳಿದರೆ ನಾನು ಬೇಡ ಎನ್ನುತ್ತೇನೆ. ಮಾರಲು ಕಷ್ಟವಾದ್ದರಿಂದಲೇ ನಾನು ಗಿಲ್ಡ್‌ಗೆ ಸೇರಿದೆ. ಮೊದಲ ದಿನ ನನ್ನ ಹೂವಿಗೆ ಎಷ್ಟು ಬೆಲೆ ಬರೆಯಬೇಕೆಂದು ತಿಳಿಯದೆ ನಿಂತಾಗ, ಯಾರೋ ಒಬ್ಬರು ಅರ್ಧ ಗಂಟೆ ಕೂತು ಹೇಳಿಕೊಟ್ಟರು. ಅವರಿಗೆ ಅದರಿಂದ ಒಂದು ಚಿನ್ನವೂ ಬರುವಂತಿರಲಿಲ್ಲ. ಖಜಾನೆ ಕಳುವಾದ ಬೆಳಿಗ್ಗೆ, ಇನ್ನೇನು ಎಲ್ಲ ಚದುರಿಹೋಗುತ್ತಾರೆ ಎಂದುಕೊಂಡಿದ್ದೆ. ಆ ಮೀನು ಹಿಡಿಯುವವರು ತಮ್ಮಲ್ಲಿದ್ದ ಮೊಟ್ಟೆಗೊಂಚಲನ್ನೆಲ್ಲ ತಂದು ಗಿಲ್ಡ್‌ಗೆ ಕೊಟ್ಟು, ಮಾರಿ ಮಳಿಗೆ ಹಿಡಿಯಿರಿ ಎಂದರು. ಹೊಸ ಗಿಲ್ಡ್ ಕಟ್ಟಿದ್ದು ಆ ಹಣದಲ್ಲಿ. ನಾನು ಈಗ ಲೆಕ್ಕ ಬರೆಯುವುದು ಅದರದ್ದೇ. ತೆಗೆಯುವ ಹಕ್ಕು ಇಬ್ಬರಿಗೆ ಮಾತ್ರ ಇರಲಿ, ತೆಗೆದದ್ದು ಅದೇ ದಿನ ಎಲ್ಲರಿಗೂ ತಿಳಿಯಲಿ ಎಂಬ ನಿಯಮ ಮಾಡಿದೆವು. ಅದನ್ನು ಹೇಳಿಕೊಟ್ಟವರು ಅಮ್ಮ. ಚೀಟಿಯ ಪುಸ್ತಕವನ್ನು ಅವರು ಪ್ರತಿ ತಿಂಗಳೂ ಜಗುಲಿಯ ಮೇಲೆ ಬಿಚ್ಚಿ ಇಡುತ್ತಿದ್ದರಂತೆ, ಓದು ಬಾರದವರ ಮುಂದೆ ಕೂಡ.

ಹೋದ ವಾರ ಪಟ್ಟಿಯ ಮೊದಲ ಎಂಟು ಮಳಿಗೆಗಳೂ ನಮಗೆ ಸಿಗಲಿಲ್ಲ. ಒಂಬತ್ತನೆಯದು ಸಿಕ್ಕಿತು, ಕಳ್ಳರ ನೆಲಮಾಳಿಗೆಯೊಂದರಲ್ಲಿ. ಅಲ್ಲಿಗೆ ಜನ ಬರುವುದು ಕಡಿಮೆ. ರಾತ್ರಿ ಮಲಗುವ ಮುಂಚೆ ನೋಡಿದೆ, ಮೂರು ಮಾರಾಟವಾಗಿತ್ತು: ಎರಡು ಕಟ್ಟು ಹೂವು, ಒಂದು ಮೇಣ. ಅಡುಗೆಮನೆಯಿಂದ ಅಮ್ಮ ಕೂಗಿ ಕೇಳಿದರು, “ಮಳಿಗೆ ಸಿಕ್ತೇನೋ?”

“ಸಿಕ್ತಮ್ಮ, ಮೂಲೇಲಿ” ಅಂದೆ.

“ಬಾಡಿಗೆ ಎಷ್ಟು ಬರೆದಿದ್ದೆ?” ಅಂದರು. ಹೇಳಿದೆ. ಜಾಸ್ತಿ ಆಯ್ತು ಅಂದರು.